ಸೆಲ್ಫ್ ಹೊಡೆಯದ ಗಾಡಿ: ಮೊದಲು ಸಪ್ಪಳ ಕೇಳಿ



ಗಾಡಿಯ ಕಾಯಿಲೆಗಳಲ್ಲಿ ಹೆಚ್ಚಿನವನ್ನು ಕಣ್ಣಿನಿಂದ, ಮೂಗಿನಿಂದ ಹುಡುಕಬೇಕು. ಎಣ್ಣೆ ಸೋರಿದರೆ ನೆಲದ ಮೇಲೆ ಕಲೆ ಕಾಣುತ್ತದೆ, ಕ್ಲಚ್ ಸುಟ್ಟರೆ ಮೂಗಿಗೆ ವಾಸನೆ ಬಡಿಯುತ್ತದೆ. ಸೆಲ್ಫ್ ಮೋಟಾರಿನ ಕಾಯಿಲೆ ಮಾತ್ರ ಕಿವಿಗೆ ಸಿಗುವಂಥದ್ದು. ಚಾವಿ ತಿರುವಿದ ಆ ಎರಡು ಕ್ಷಣದಲ್ಲಿ ಬಾನೆಟ್ಟಿನ ಕೆಳಗಿಂದ ಯಾವ ಸಪ್ಪಳ ಬಂತು, ಅಥವಾ ಏನೂ ಬರಲಿಲ್ಲವೆ ಎಂಬುದರಲ್ಲಿ ಅರ್ಧ ಪತ್ತೆ ಮುಗಿದುಹೋಗುತ್ತದೆ. ಹಾಗಾಗಿ ಈ ವಿಷಯವನ್ನು ಬಾನುಲಿಯಲ್ಲಿ ಮಾತಾಡುವುದು ನನಗೆ ಬಹಳ ಸರಿ ಅನಿಸುತ್ತದೆ.

ಗೋಕಾಕ, ಮೂಡಲಗಿ, ಹುಕ್ಕೇರಿ ಈ ಮೂರೂ ತಾಲೂಕುಗಳಲ್ಲಿ ಈಗ ಊರೂರಿಗೆ ಕಾರುಗಳಾಗಿವೆ. ಟ್ರ್ಯಾಕ್ಟರುಗಳಂತೂ ಓಣಿಗೊಂದರಂತೆ ಇವೆ. ನಸುಕಿನಲ್ಲಿ ಗಾಡಿ ಹೊರಡದೆ ನಿಂತಾಗ ಮನೆಮಂದಿ ಎಲ್ಲರೂ ಕೂಡಿ ಧಕ್ಕಾ ಹೊಡೆದು ಹೇಗೋ ಗ್ಯಾರೇಜಿಗೆ ತರುತ್ತಾರೆ. ಬಂದವರ ಬಾಯಲ್ಲಿ ಒಂದೇ ಮಾತು: ‘ಸೆಲ್ಫ್ ಹೋಗೈತಿ, ಹೊಸಾದು ಹಾಕಿಬಿಡ್ರಿ.’ ನಾನು ಇವತ್ತು ಹೇಳಬೇಕೆಂದಿರುವುದು ಈ ಮಾತಿನ ಬಗ್ಗೆಯೇ. ಸೆಲ್ಫ್ ಹೋಗಿದೆ ಎಂದು ಬರುವ ಗಾಡಿಗಳಲ್ಲಿ ಎಷ್ಟೋ ಗಾಡಿಗಳ ಸೆಲ್ಫ್ ಗಟ್ಟಿಮುಟ್ಟಾಗಿಯೇ ಇರುತ್ತದೆ. ಕೆಟ್ಟಿರುವುದು ಬ್ಯಾಟರಿ, ಇಲ್ಲವೇ ಬ್ಯಾಟರಿಯಿಂದ ಸೆಲ್ಫ್‌ವರೆಗಿನ ದಾರಿ. ನಿಜವಾಗಿ ಸೆಲ್ಫೇ ಕೆಟ್ಟಿದ್ದರೂ ಅದರೊಳಗಿನ ಒಂದು ಸಣ್ಣ ಭಾಗ ಸವೆದಿರುತ್ತದೆ; ಇಡೀ ಮೋಟಾರನ್ನು ಎಸೆಯುವಂಥ ಹೊತ್ತು ಅಪರೂಪಕ್ಕೆ ಬರುತ್ತದೆ. ಕಬ್ಬಿನ ಬಿಲ್ಲಿಗೆ ತಿಂಗಳುಗಟ್ಟಲೆ ಕಾಯುವ ರೈತ ಬೇಡದ ಸಾಮಾನಿಗೆ ಸಾವಿರಾರು ರೂಪಾಯಿ ಸುರಿಯುವುದನ್ನು ನೋಡಿದರೆ ಹೊಟ್ಟೆ ಉರಿಯುತ್ತದೆ.

ಮೊದಲು ಈ ಮೋಟಾರು ಏನು ಮಾಡುತ್ತದೆ ಎಂಬುದನ್ನು ಒಂದು ಹೋಲಿಕೆಯ ಮೂಲಕ ನೋಡೋಣ. ಗೋಕಾಕ ಫಾಲ್ಸಿನಲ್ಲಿ ಘಟಪ್ರಭೆ ಸುಮಾರು 52 ಮೀಟರ್ ಎತ್ತರದಿಂದ ಧುಮುಕುತ್ತದೆ. ಅಲ್ಲಿನ ನೂಲಿನ ಗಿರಣಿ 1887ರಲ್ಲಿ ಆ ನೀರಿನ ಬಲದ ಮೇಲೆಯೇ ಶುರುವಾದದ್ದು. ನೀರಿನ ಬಲಕ್ಕೆ ಚಕ್ರ ತಿರುಗುತ್ತದೆ, ಚಕ್ರಕ್ಕೆ ಡೈನಮೋ ಕಟ್ಟಿದರೆ ಕರೆಂಟು ಹುಟ್ಟುತ್ತದೆ. ಸೆಲ್ಫ್ ಮೋಟಾರು ಇದೇ ಕೆಲಸವನ್ನು ಹಿಂದುಮುಂದಾಗಿ ಮಾಡುತ್ತದೆ: ಬ್ಯಾಟರಿಯ ಕರೆಂಟನ್ನು ನುಂಗಿ ತಿರುಗಾಟ ಕೊಡುತ್ತದೆ. ಅದರ ಮೂತಿಯಲ್ಲಿ ಒಂಬತ್ತೋ ಹತ್ತೋ ಹಲ್ಲಿನ ಸಣ್ಣದೊಂದು ಗಿಯರ್ ಇದೆ. ಚಾವಿ ತಿರುವಿದ ಕೂಡಲೇ ಅದು ಮುಂದೆ ಜಾರಿ ಎಂಜಿನ್ನಿನ ಫ್ಲೈವ್ಹೀಲಿನ ಸುತ್ತ ಇರುವ ದೊಡ್ಡ ರಿಂಗಿಗೆ ಕಚ್ಚಿಕೊಳ್ಳುತ್ತದೆ. ರಿಂಗಿನಲ್ಲಿ ನೂರರ ಆಚೀಚೆ ಹಲ್ಲುಗಳಿರುವುದರಿಂದ ಸೆಲ್ಫ್ ಹತ್ತು ಹನ್ನೆರಡು ಸುತ್ತು ಹಾಕಿದರೆ ಎಂಜಿನ್ ಒಂದು ಸುತ್ತು ತಿರುಗುತ್ತದೆ. ನಿಮಿಷಕ್ಕೆ ಸುಮಾರು ಇನ್ನೂರು ಸುತ್ತು ಸಿಕ್ಕಿದರೆ ಸಾಕು, ಎಂಜಿನ್ ಹತ್ತಿಕೊಳ್ಳುತ್ತದೆ.

ಹತ್ತಿಕೊಂಡ ಮೇಲೆ ಎಂಜಿನ್ನಿನ ವೇಗ ಸಾವಿರಕ್ಕೆ ಏರುತ್ತದೆ. ಆಗಲೂ ಹಲ್ಲು ಕಚ್ಚಿಕೊಂಡೇ ಇದ್ದರೆ ಸೆಲ್ಫ್ ನಿಮಿಷಕ್ಕೆ ಹತ್ತು ಹದಿನೈದು ಸಾವಿರ ಸುತ್ತು ತಿರುಗಿ, ಒಳಗಿನ ತಾಮ್ರದ ಸುತ್ತುಗಳು ಕಿತ್ತು ಬಂದುಬಿಡುತ್ತವೆ. ಹಾಗಾಗಬಾರದೆಂದು ಆ ಸಣ್ಣ ಗಿಯರಿಗೆ ಒಂದೇ ದಿಕ್ಕಿಗೆ ಹಿಡಿಯುವ ಕ್ಲಚ್ ಕೊಟ್ಟಿದ್ದಾರೆ. ನಮ್ಮ ಗ್ಯಾರೇಜುಗಳಲ್ಲಿ ಗಿಯರು ಮತ್ತು ಕ್ಲಚ್ ಎರಡನ್ನೂ ಕೂಡಿಸಿ ಬೆಂಡಿಕ್ಸ್ ಅನ್ನುತ್ತಾರೆ. ಮೋಟಾರಿನ ಬೆನ್ನ ಮೇಲೆ ಕೂತ ಸಣ್ಣ ಡಬ್ಬಿಯೇ ಸೊಲೆನಾಯ್ಡ್. ಅದಕ್ಕೆ ಎರಡು ಕೆಲಸ. ಬೆಂಡಿಕ್ಸನ್ನು ಮುಂದೆ ತಳ್ಳಬೇಕು, ತಳ್ಳಿದ ಮೇಲೆ ಬ್ಯಾಟರಿಯ ದಪ್ಪ ಕೇಬಲ್ಲಿನ ಕರೆಂಟನ್ನು ಮೋಟಾರಿಗೆ ಕೂಡಿಸಬೇಕು.

ಕಾರಿಗೆ ಕರೆಂಟಿನ ಸೆಲ್ಫ್ ಬಂದದ್ದು 1912ರಲ್ಲಿ, ಅಮೆರಿಕದ ಕ್ಯಾಡಿಲಾಕ್ ಕಾರಿನಲ್ಲಿ. ಮಾಡಿದವರು ಚಾರ್ಲ್ಸ್ ಕೆಟರಿಂಗ್. ಅದಕ್ಕೂ ಮೊದಲು ಮುಂದೆ ನಿಂತು ಹ್ಯಾಂಡಲ್ ಹೊಡೆಯಬೇಕಿತ್ತು; ಹ್ಯಾಂಡಲ್ ತಿರುಗಿ ಬಡಿದು ಮಣಿಕಟ್ಟು ಮುರಿದವರು ಎಲ್ಲ ದೇಶಗಳಲ್ಲೂ ಇದ್ದರು. ನಮ್ಮಲ್ಲಿ ಹಳೆಯ ಅಂಬಾಸಿಡರ್ ಮತ್ತು ಜೀಪುಗಳನ್ನು ಓಡಿಸಿದ ಹಿರಿಯರಿಗೆ ಆ ಹ್ಯಾಂಡಲ್ ಇನ್ನೂ ನೆನಪಿರಬೇಕು. ಕೆಟರಿಂಗ್ ಕಾರಿನ ಕೆಲಸಕ್ಕೆ ಬರುವ ಮುಂಚೆ ಅಂಗಡಿಗಳ ಗಲ್ಲಾಪೆಟ್ಟಿಗೆಯ ಯಂತ್ರಕ್ಕೆ ಒಂದು ಸಣ್ಣ ಮೋಟಾರು ಮಾಡಿದ್ದರು. ಆ ಮೋಟಾರು ದಿನವಿಡೀ ತಿರುಗಬೇಕಿರಲಿಲ್ಲ, ಒಂದು ಕ್ಷಣ ಜೋರಾಗಿ ಎಳೆದು ಸುಮ್ಮನಾದರೆ ಸಾಕಿತ್ತು. ಕಾರಿನ ಸೆಲ್ಫಿಗೂ ಅದೇ ಲೆಕ್ಕ. ಗಾತ್ರಕ್ಕೆ ಮೀರಿದ ಕೆಲಸವನ್ನು ಕೆಲವೇ ಸೆಕೆಂಡು ಮಾಡುವುದಕ್ಕೆಂದು ಕಟ್ಟಿದ ಮೋಟಾರು ಅದು. ನಾವು ಅದನ್ನು ಅರ್ಧ ನಿಮಿಷ ಬಿಡದೆ ಒತ್ತಿ ಹಿಡಿದರೆ ಒಳಗಿನ ಇನ್ಸುಲೇಶನ್ ಸುಡುತ್ತದೆ. ಹತ್ತು ಸೆಕೆಂಡಿಗಿಂತ ಹೆಚ್ಚು ಹೊಡೆಯಬೇಡಿ, ಹೊಡೆದ ಮೇಲೆ ಒಂದು ನಿಮಿಷವಾದರೂ ಬಿಡುವು ಕೊಡಿ. ಕಾರ್ಖಾನೆಯ ಯಾರ್ಡಿನಲ್ಲಿ ಪಾಳಿ ಹಚ್ಚಿದ ಕಬ್ಬಿನ ಟ್ರ್ಯಾಕ್ಟರುಗಳ ಸೆಲ್ಫ್ ಬೇಗ ಸವೆಯುವ ಕಾರಣವೂ ಇಲ್ಲಿಯೇ ಇದೆ. ಸಂಕೇಶ್ವರದ ಹಿರಣ್ಯಕೇಶಿ ಕಾರ್ಖಾನೆಯಿರಲಿ, ಗೋಕಾಕ ಮೂಡಲಗಿ ಕಡೆಯ ಕಾರ್ಖಾನೆಗಳಿರಲಿ, ಹಂಗಾಮಿನಲ್ಲಿ ಪಾಳಿ ನಾಲ್ಕು ಮಾರು ಮುಂದೆ ಸರಿದಾಗಲೆಲ್ಲ ಎಂಜಿನ್ ಶುರು ಮಾಡಿ ಮತ್ತೆ ಬಂದ್ ಮಾಡುತ್ತಾರೆ. ಡೀಸೆಲ್ ಉಳಿಯುತ್ತದೆ, ನಿಜ. ಆದರೆ ಆ ಒಂದು ರಾತ್ರಿಯಲ್ಲಿ ಸೆಲ್ಫ್ ಉಳಿದ ದಿನಗಳಲ್ಲಿ ವಾರವಿಡೀ ಮಾಡುವ ಕೆಲಸ ಮಾಡಿರುತ್ತದೆ. ನಡುವೆ ಎಂಜಿನ್ ಓಡುವುದೂ ಕಡಿಮೆ, ಹಾಗಾಗಿ ಬ್ಯಾಟರಿಗೆ ಚಾರ್ಜು ಮರಳಿ ಏರುವುದೇ ಇಲ್ಲ.

ಇನ್ನು ಸಪ್ಪಳಕ್ಕೆ ಬರೋಣ.

ಚಾವಿ ತಿರುವಿದಾಗ ‘ಟಕಟಕಟಕ’ ಎಂದು ಬೇಗಬೇಗ ಬಡಿದುಕೊಂಡರೆ ಸೆಲ್ಫನ್ನು ಮುಟ್ಟಲೇಬೇಡಿ. ಅದು ಬಹುಪಾಲು ಬ್ಯಾಟರಿ ಇಳಿದ ಲಕ್ಷಣ. ಸೊಲೆನಾಯ್ಡ್ ಎಳೆದುಕೊಳ್ಳುತ್ತದೆ, ಮೋಟಾರಿಗೆ ಕರೆಂಟು ಕೂಡುತ್ತದೆ, ಕೂಡಿದ ಕೂಡಲೇ ಸೋತ ಬ್ಯಾಟರಿಯ ವೋಲ್ಟೇಜ್ ಕುಸಿದು ಸೊಲೆನಾಯ್ಡ್ ಹಿಡಿತ ಬಿಡುತ್ತದೆ. ಬಿಟ್ಟೊಡನೆ ವೋಲ್ಟೇಜ್ ಏರುತ್ತದೆ, ಮತ್ತೆ ಎಳೆಯುತ್ತದೆ. ಸೆಕೆಂಡಿಗೆ ಹತ್ತಾರು ಸಲ ಇದೇ ನಡೆದಾಗ ಬರುವ ಸಪ್ಪಳ ಅದು.

ಒಂದೇ ಒಂದು ಸಲ ‘ಟಕ್’ ಎಂದು ಸುಮ್ಮನಾದರೆ ಆಗ ಸೆಲ್ಫಿನ ಮೇಲೆ ಅನುಮಾನ ಪಡಬಹುದು. ಸೊಲೆನಾಯ್ಡ್ ತನ್ನ ಕೆಲಸ ಮಾಡಿದೆ, ಆದರೆ ಒಳಗಿನ ತಾಮ್ರದ ಸಂಪರ್ಕ ಸುಟ್ಟಿರಬಹುದು, ಇಲ್ಲವೇ ಕರೆಂಟು ದಾಟಿಸುವ ಕಾರ್ಬನ್ ತುಂಡುಗಳು ಸವೆದು, ಒಳಗೆ ತಿರುಗುವ ತಾಮ್ರ ಸುತ್ತಿದ ಭಾಗಕ್ಕೆ, ಅಂದರೆ ಆರ್ಮೇಚರಿಗೆ, ಮುಟ್ಟದಿರಬಹುದು. ಕೇಬಲ್ಲು ಸಡಿಲಾದರೂ ಇದೇ ಸಪ್ಪಳ ಬರುತ್ತದೆ, ಅದನ್ನು ಮರೆಯಬೇಡಿ.

ಸೆಲ್ಫ್ ‘ಝುಯ್’ ಎಂದು ಜೋರಾಗಿ ತಿರುಗಿ ಎಂಜಿನ್ ಮಾತ್ರ ಅಲ್ಲಾಡದಿದ್ದರೆ ಬೆಂಡಿಕ್ಸ್ ಜಾರುತ್ತಿದೆ. ಕಬ್ಬಿಣಕ್ಕೆ ಕಬ್ಬಿಣ ತಿಕ್ಕಿದ ಹಾಗೆ ‘ಕರ್’ ಎಂದರೆ ಹಲ್ಲುಗಳು ಸವೆದಿವೆ. ಎಂಜಿನ್ ತಿರುಗುತ್ತದೆ ಆದರೆ ಏದುಸಿರು ಬಿಟ್ಟಂತೆ ನಿಧಾನವಾಗಿ ತಿರುಗುತ್ತದೆ ಎಂದರೆ ಬ್ಯಾಟರಿ, ಕೇಬಲ್ಲು, ಸೆಲ್ಫಿನ ಅಚ್ಚು ತಿರುಗುವ ಬುಶ್ ಮೂರರಲ್ಲಿ ಒಂದು. ಅದರಲ್ಲೂ ಏಪ್ರಿಲ್ ಬಿಸಿಲಲ್ಲಿ ಬೆಳಗಾವಿಯಿಂದ ಓಡಿಸಿಕೊಂಡು ಬಂದು ಸಂಕೇಶ್ವರದಲ್ಲಿ ಚಹಾಕ್ಕೆ ನಿಲ್ಲಿಸಿದ ಗಾಡಿ ಮತ್ತೆ ಹೊರಡಲು ಹೆಣಗಾಡಿ, ಅರ್ಧ ಗಂಟೆ ಆರಿದ ಮೇಲೆ ಸಲೀಸಾಗಿ ಹೊರಟರೆ ಬ್ಯಾಟರಿಯನ್ನು ಬಿಟ್ಟು ಸೆಲ್ಫಿನೊಳಗೆ ನೋಡಿ. ಬಿಸಿಗೆ ಒಳಗಿನ ತಾಮ್ರದ ತಡೆ ಹೆಚ್ಚುತ್ತದೆ, ಸವೆದ ಬುಶ್ಶಿನಲ್ಲಿ ಆರ್ಮೇಚರ್ ವಾಲಿ ಸುತ್ತಲಿನ ಅಯಸ್ಕಾಂತದ ಕಂಬಗಳಿಗೆ ಉಜ್ಜುತ್ತದೆ.

ಏನೂ ಸಪ್ಪಳವೇ ಇಲ್ಲ ಎಂದರೆ ಬಹುಪಾಲು ದೋಷ ಸೆಲ್ಫಿನಿಂದ ಇನ್ನೂ ದೂರದಲ್ಲಿದೆ. ಫ್ಯೂಸು, ರಿಲೇ, ಚಾವಿಯ ಸ್ವಿಚ್ಚು, ಸೊಲೆನಾಯ್ಡಿಗೆ ಬರುವ ತೆಳು ವಾಯರು. ಬಟನ್ ಒತ್ತಿ ಶುರು ಮಾಡುವ ಈಗಿನ ಕಾರುಗಳಲ್ಲಿ ಬ್ರೇಕ್ ಪೆಡಲಿನ ಸ್ವಿಚ್ಚು ಕೆಟ್ಟರೂ, ಕ್ಲಚ್ಚಿನ ಸ್ವಿಚ್ಚು ಕೆಟ್ಟರೂ ಸೆಲ್ಫ್ ಮಿಸುಕುವುದಿಲ್ಲ. ಬ್ರೇಕ್ ಒತ್ತಿದಾಗ ಹಿಂದಿನ ಕೆಂಪು ದೀಪ ಹತ್ತುತ್ತದೆಯೇ ಎಂದು ಮೊದಲು ಯಾರನ್ನಾದರೂ ನೋಡಲು ಹೇಳಿ.

ಸಪ್ಪಳದ ನಂತರ ದೀಪ. ಹೆಡ್‌ಲೈಟ್ ಹಾಕಿ ಸೆಲ್ಫ್ ಹೊಡೆಯಿರಿ. ದೀಪ ಆರಿಯೇ ಹೋಗುವಷ್ಟು ಮಂಕಾದರೆ ಬ್ಯಾಟರಿ ಇಳಿದಿದೆ, ಅಥವಾ ಸೆಲ್ಫ್ ಒಳಗೆ ಸಿಕ್ಕಿಹಾಕಿಕೊಂಡು ಅತಿಯಾಗಿ ಕರೆಂಟು ಎಳೆಯುತ್ತಿದೆ. ‘ಟಕ್’ ಎಂದರೂ ದೀಪ ಸ್ವಲ್ಪವೂ ಅಲುಗದೆ ಝಗಝಗ ಉರಿಯುತ್ತಿದ್ದರೆ ಕರೆಂಟು ಮೋಟಾರಿನೊಳಗೆ ಹೋಗುತ್ತಲೇ ಇಲ್ಲ ಎಂದರ್ಥ. ಯಾವ ಮೀಟರೂ ಇಲ್ಲದೆ ಮನೆಯ ಅಂಗಳದಲ್ಲೇ ಮಾಡಬಹುದಾದ ಪರೀಕ್ಷೆ ಇದು. ಇದನ್ನು ಮಾಡದೆ ಬ್ಯಾಟರಿ ಕೊಳ್ಳಲು ಹೋಗುವವರನ್ನು ನಾನು ಕೈ ಹಿಡಿದು ನಿಲ್ಲಿಸುತ್ತೇನೆ.

ಕೈಯಲ್ಲಿ ಒಂದು ಮಲ್ಟಿಮೀಟರ್ ಇದ್ದರಂತೂ ಸುಳ್ಳಿಗೆ ಜಾಗವೇ ಇಲ್ಲ. ರಾತ್ರಿಯಿಡೀ ನಿಂತ ಗಾಡಿಯ ಬ್ಯಾಟರಿ 12.6 ವೋಲ್ಟ್ ತೋರಿಸಿದರೆ ಪೂರ್ತಿ ತುಂಬಿದೆ. 12ಕ್ಕೆ ಇಳಿದಿದ್ದರೆ ಅದು ಹೆಚ್ಚುಕಡಿಮೆ ಖಾಲಿ. ಸೆಲ್ಫ್ ಹೊಡೆಯುವಾಗ ಇನ್ನೊಬ್ಬರು ಮೀಟರ್ ನೋಡಬೇಕು. ಆಗ 10ರ ಹತ್ತಿರ ನಿಂತರೆ ಚಿಂತೆಯಿಲ್ಲ, 9.6ಕ್ಕಿಂತ ಕೆಳಗೆ ಬಿದ್ದರೆ ಬ್ಯಾಟರಿಯನ್ನು ಚಾರ್ಜಿಗೆ ಹಾಕಿ ಮತ್ತೆ ಪರೀಕ್ಷಿಸಬೇಕು. ಇಷ್ಟನ್ನು ಹೆಚ್ಚಿನ ಗ್ಯಾರೇಜುಗಳಲ್ಲಿ ಮಾಡುತ್ತಾರೆ. ಮಾಡದೆ ಬಿಡುವುದು ಮುಂದಿನ ಪರೀಕ್ಷೆಯನ್ನು, ಅಂದರೆ ಬ್ಯಾಟರಿಯಿಂದ ಸೆಲ್ಫ್‌ವರೆಗಿನ ದಾರಿಯ ಪರೀಕ್ಷೆಯನ್ನು. ಅದರ ಬಗ್ಗೆ ಸ್ವಲ್ಪ ಹೆಚ್ಚು ಹೊತ್ತು ಮಾತಾಡುತ್ತೇನೆ.

ಧೂಪದಾಳದಿಂದ ಹೊರಟ ಘಟಪ್ರಭಾ ಎಡದಂಡೆ ಕಾಲುವೆಯ ಕೊನೆಯ ಹೊಲದವರಿಗೆ ಒಂದು ಸಂಗತಿ ಚೆನ್ನಾಗಿ ಗೊತ್ತು. ಜಲಾಶಯ ತುಂಬಿದ್ದರೂ, ತೂಬು ತೆರೆದಿದ್ದರೂ, ನಡುವೆ ಕಾಲುವೆ ಒಡೆದು ಹೂಳು ತುಂಬಿದ್ದರೆ ತಮ್ಮ ಹೊಲಕ್ಕೆ ನೀರು ಮುಟ್ಟುವುದಿಲ್ಲ. ಬ್ಯಾಟರಿ ತುಂಬಿದ್ದೂ ಸೆಲ್ಫ್ ತಿರುಗದಿರುವುದು ಹಾಗೆಯೇ. ಸಣ್ಣ ಪೆಟ್ರೋಲ್ ಕಾರಿನ ಸೆಲ್ಫ್ ಕೂಡ ನೂರು ನೂರೈವತ್ತು ಆಂಪಿಯರ್ ಎಳೆಯುತ್ತದೆ. ಟರ್ಮಿನಲ್ಲಿನ ಮೇಲೆ ಬೆಳೆದ ಬಿಳಿಹಸಿರು ಹೂವು, ಅರ್ಥ್ ಕೇಬಲ್ಲಿನ ಬುಡದ ತುಕ್ಕು, ಇವು ಓಮಿನ ನೂರನೇ ಒಂದು ಭಾಗದಷ್ಟು ತಡೆ ಒಡ್ಡಿದರೂ 150 ಆಂಪಿಯರಿಗೆ ಒಂದೂವರೆ ವೋಲ್ಟ್ ಅಲ್ಲಿಯೇ ಕರಗಿಹೋಗುತ್ತದೆ. ಕರಗಿದ್ದು 225 ವಾಟಿನ ಬಿಸಿಯಾಗುತ್ತದೆ. ಎರಡು ಮೂರು ಸಲ ಸೆಲ್ಫ್ ಹೊಡೆದ ಮೇಲೆ ಕೇಬಲ್ಲಿನ ಯಾವ ತುದಿ ಕೈಗೆ ಬಿಸಿ ಹತ್ತುತ್ತದೋ ಅಲ್ಲಿಯೇ ಕಳ್ಳ ಕೂತಿದ್ದಾನೆ. ಮೀಟರಿನಿಂದ ಹಿಡಿಯುವುದಾದರೆ ಒಂದು ಕಡ್ಡಿಯನ್ನು ಬ್ಯಾಟರಿಯ ಪ್ಲಸ್ ಕಂಬದ ಸೀಸಕ್ಕೇ ಒತ್ತಿ, ಮೇಲಿನ ಕ್ಲಾಂಪಿಗಲ್ಲ. ಇನ್ನೊಂದನ್ನು ಸೆಲ್ಫಿನ ದಪ್ಪ ಕೇಬಲ್ ಕೂರುವ ತಾಮ್ರದ ಬೋಲ್ಟಿಗೆ ಇಡಿ. ಸೆಲ್ಫ್ ಹೊಡೆದಾಗ ಅರ್ಧ ವೋಲ್ಟಿಗಿಂತ ಹೆಚ್ಚು ತೋರಿಸಬಾರದು. ಆಮೇಲೆ ಬ್ಯಾಟರಿಯ ಮೈನಸ್ ಕಂಬಕ್ಕೂ ಸೆಲ್ಫಿನ ಮೈಗೂ ಹಿಡಿಯಿರಿ. ಅಲ್ಲಿ ಕಾಲು ವೋಲ್ಟ್ ದಾಟಬಾರದು. ನಮ್ಮ ಕಡೆಯ ಗಾಡಿಗಳಲ್ಲಿ ಹೊಲದ ರಾಡಿ, ಕಬ್ಬಿನ ರಸದ ಅಂಟು, ಮಳೆನೀರು ಮೂರೂ ಕೂಡಿ ಕೆಡಿಸುವುದು ಈ ಅರ್ಥ್ ಕೇಬಲ್ಲನ್ನೇ. ಅದು ಚಾಸಿಗೆ ಕೂರುವ ಜಾಗ ಯಾರ ಕಣ್ಣಿಗೂ ಬೀಳುವುದಿಲ್ಲ.

ಮೂಡಲಗಿಯ ಒಂದು ಗ್ಯಾರೇಜಿನಲ್ಲಿ ನಾನು ನಿಂತಿದ್ದಾಗ ಹಿರಿಯ ರೈತರೊಬ್ಬರು ಜೀಪು ತಂದಿದ್ದರು.

‘ತಮ್ಮಾ, ಈ ಸೆಲ್ಫ್ ತಗದು ಹೊಸಾದು ಹಾಕು. ರೊಕ್ಕದ ಚಿಂತಿ ಬ್ಯಾಡ.’

ಹುಡುಗ ಬಾನೆಟ್ ಎತ್ತಿ ನೋಡಿದ. ‘ಕಾಕಾ, ರೊಕ್ಕ ಕಿಸೆದಾಗ ಇರಲಿ. ಜರಾ ನಿಂದರ್ರಿ’ ಎಂದು ಕೆಳಗೆ ಹೊಕ್ಕು ಅರ್ಥ್ ಕೇಬಲ್ ಬಿಚ್ಚಿದ. ತುದಿಯ ತಾಮ್ರದ ಎಳೆಗಳು ಹಸಿರುಗಟ್ಟಿ, ಮುಟ್ಟಿದರೆ ಉದುರುತ್ತಿದ್ದವು. ಹೊಸ ಕೇಬಲ್ಲು ಹಾಕಿ, ಚಾಸಿಯ ಜಾಗವನ್ನು ತಿಕ್ಕಿ ಬಿಳುಪು ಮಾಡಿ ಬೋಲ್ಟ್ ಬಿಗಿದು ಚಾವಿ ತಿರುವಿದ. ಜೀಪು ಗಕ್ಕನೆ ಎದ್ದಿತು. ಆ ಹುಡುಗನಿಗೆ ಆ ದಿನ ಸಿಕ್ಕಿದ ಕೂಲಿ ಕಡಿಮೆ, ಆದರೆ ಅಂಥವನ ಕೈಗೆ ಗಾಡಿ ಕೊಡಿ ಎಂದು ನಾನು ಎಲ್ಲರಿಗೂ ಹೇಳುತ್ತೇನೆ.

ಇಷ್ಟೆಲ್ಲ ನೋಡಿದ ಮೇಲೂ ದೋಷ ಸೆಲ್ಫಿನಲ್ಲೇ ಇದೆ ಎಂದಾದರೆ ಬಿಚ್ಚೋಣ. ಮೊದಲ ಕೆಲಸ, ಬ್ಯಾಟರಿಯ ಮೈನಸ್ ಕೇಬಲ್ ತೆಗೆದು ಬದಿಗೆ ಸರಿಸುವುದು. ಸೆಲ್ಫಿನ ದಪ್ಪ ಕೇಬಲ್ಲಿನಲ್ಲಿ ನಡುವೆ ಫ್ಯೂಸು ಇರದ ಗಾಡಿಗಳೇ ಹೆಚ್ಚು, ಚಾವಿ ತೆಗೆದರೂ ಅದರಲ್ಲಿ ಕರೆಂಟು ಸದಾ ನಿಂತಿರುತ್ತದೆ. ಪಾನಾ ಒಂದು ಕಡೆ ಆ ಬೋಲ್ಟಿಗೂ ಇನ್ನೊಂದು ಕಡೆ ಎಂಜಿನ್ನಿಗೂ ತಗುಲಿದರೆ ಪಾನಾ ಕೆಂಪಗೆ ಕಾಯುತ್ತದೆ, ಕೈ ಸುಡುತ್ತದೆ. ಕೆಳಗಿನಿಂದ ಕೆಲಸ ಮಾಡಬೇಕಾದ ಗಾಡಿಯಾದರೆ ಬರೀ ಜಾಕಿನ ಮೇಲೆ ನಂಬಿಕೆಯಿಟ್ಟು ಒಳಗೆ ಹೋಗಬೇಡಿ. ಸ್ಟ್ಯಾಂಡ್ ಇಡಿ, ಚಕ್ರಕ್ಕೆ ಕಲ್ಲು ಕೊಡಿ.

ಸೊಲೆನಾಯ್ಡಿನ ತೆಳು ವಾಯರು, ದಪ್ಪ ಕೇಬಲ್ಲಿನ ನಟ್ಟು, ಆಮೇಲೆ ಗಿಯರ್ ಬಾಕ್ಸಿನ ಕವಚಕ್ಕೆ ಸೆಲ್ಫನ್ನು ಹಿಡಿದ ಎರಡು ಮೂರು ಬೋಲ್ಟು. ಬೋಲ್ಟುಗಳು ಎಷ್ಟೋ ಗಾಡಿಗಳಲ್ಲಿ ಒಂದೇ ಉದ್ದದವು ಇರುವುದಿಲ್ಲ. ಯಾವುದು ಎಲ್ಲಿಂದ ಬಂತೆಂದು ಗುರುತಿಟ್ಟುಕೊಳ್ಳಿ, ಒಂದಕ್ಕೆ ಅರ್ಥಿನ ಪಟ್ಟಿ ಸಿಕ್ಕಿಸಿದ್ದರೆ ಅದನ್ನೂ ನೆನಪಿಡಿ. ಕೊನೆಯ ಬೋಲ್ಟ್ ಬಿಚ್ಚುವಾಗ ಇನ್ನೊಂದು ಕೈ ಮೋಟಾರಿನ ಕೆಳಗಿರಲಿ. ಸಣ್ಣ ಕಾರಿನದು ಮೂರು ನಾಲ್ಕು ಕಿಲೋ ತೂಗಿದರೆ ಟ್ರ್ಯಾಕ್ಟರಿನದು ಅದರ ಎರಡು ಮೂರು ಪಟ್ಟು ತೂಗುತ್ತದೆ.

ಹೊರತೆಗೆದ ಮೋಟಾರನ್ನು ಮೇಜಿನ ಮೇಲೆ ಬಿಚ್ಚಿದಾಗ ಕಾಣುವುದನ್ನು ನೀವು ಒಮ್ಮೆ ಹತ್ತಿರದಿಂದ ನೋಡಬೇಕು. ಹಿಂದಿನ ಮುಚ್ಚಳ ತೆಗೆದ ಕೂಡಲೇ ಮಸಿಯಂಥ ನುಣ್ಣನೆ ಕರಿಪುಡಿ ಬೆರಳಿಗೆ ಅಂಟುತ್ತದೆ. ಅದು ಸವೆದ ಕಾರ್ಬನ್. ನಾಲ್ಕು ಕಾರ್ಬನ್ ತುಂಡುಗಳು ಸ್ಪ್ರಿಂಗಿನ ಒತ್ತಡದಲ್ಲಿ ಆರ್ಮೇಚರಿನ ತಾಮ್ರದ ಪಟ್ಟಿಗಳನ್ನು ಒತ್ತಿ ಹಿಡಿದಿರಬೇಕು. ಹೊಸದರ ಅರ್ಧಕ್ಕಿಂತ ಗಿಡ್ಡಾಗಿದ್ದರೆ ಸ್ಪ್ರಿಂಗಿನ ಕಸುವು ಮುಟ್ಟುವುದಿಲ್ಲ. ಇಂಥ ಮೋಟಾರೇ ಸುತ್ತಿಗೆಯ ಹಿಡಿಕೆಯಿಂದ ಮೆಲ್ಲಗೆ ತಟ್ಟಿದಾಗ ಎದ್ದು ಕೂರುವುದು. ತಟ್ಟಿದ ಅದುರಿಗೆ ಕಾರ್ಬನ್ ಒಂದಿಷ್ಟು ಜಾರಿ ತಾಮ್ರಕ್ಕೆ ತಗುಲುತ್ತದೆ. ತಟ್ಟಿದಾಗ ತಿರುಗಿತೆಂದರೆ ದೋಷ ಸಿಕ್ಕಿತು ಎಂದುಕೊಳ್ಳಿ, ವಾಸಿಯಾಯಿತು ಎಂದುಕೊಳ್ಳಬೇಡಿ. ಜೋರಾಗಿ ಬಡಿಯಲೂ ಬೇಡಿ. ಈಗಿನ ಸಣ್ಣ ಸೆಲ್ಫುಗಳಲ್ಲಿ ಸುರುಳಿಯ ಬದಲು ಅಯಸ್ಕಾಂತ ಕೂರಿಸಿರುತ್ತಾರೆ, ಏಟಿಗೆ ಅದು ಒಡೆಯುತ್ತದೆ.

ತಾಮ್ರದ ಪಟ್ಟಿಗಳು ಕಪ್ಪಾಗಿದ್ದರೆ ನುಣ್ಣನೆ ಗಾಜುಕಾಗದದಿಂದ ತಿಕ್ಕಿ. ಎಮರಿ ಬಟ್ಟೆ ಬೇಡ, ಅದರ ಹರಳು ಪಟ್ಟಿಗಳ ಸಂದಿಯಲ್ಲಿ ಕೂತು ತೊಂದರೆ ಕೊಡುತ್ತದೆ. ಸಂದಿಯ ಅಭ್ರಕ ತಾಮ್ರಕ್ಕಿಂತ ತುಸು ತಗ್ಗಿನಲ್ಲಿರಬೇಕು. ಸೊಲೆನಾಯ್ಡಿನ ಒಳಗಿನ ತಾಮ್ರದ ಬಿಲ್ಲೆಯನ್ನೂ ನೋಡಿ. ಕಿಡಿ ಹಾರಿ ಹಾರಿ ಅದರ ಅಂಚು ಕುಳಿಬಿದ್ದು ಕಪ್ಪಾಗಿದ್ದರೆ ‘ಟಕ್’ ಎಂದು ಸುಮ್ಮನಾಗುವ ಸಪ್ಪಳದ ಕಾರಣ ನಿಮ್ಮ ಅಂಗೈಯಲ್ಲೇ ಇದೆ.

ಕಾರ್ಬನ್, ಬುಶ್, ಬೆಂಡಿಕ್ಸ್, ಸೊಲೆನಾಯ್ಡ್ ನಾಲ್ಕೂ ಬಿಡಿಯಾಗಿ ಸಿಗುತ್ತವೆ. ಹೊಸ ಸೆಲ್ಫಿನ ಬೆಲೆಯ ಎದುರಿಗೆ ಕಾರ್ಬನ್ ಸೆಟ್ಟಿನ ಬೆಲೆ ಏನೂ ಅಲ್ಲ. ಆರ್ಮೇಚರ್ ಸುಟ್ಟಿದ್ದರೂ ನಮ್ಮ ಊರುಗಳಲ್ಲಿ ಅದನ್ನು ಮತ್ತೆ ಸುತ್ತಿಸುವ ದಾರಿ ಇದೆ. ಹುಕ್ಕೇರಿಯಲ್ಲಿ ಹಳ್ಳಿಗಳಿಗೆ ಕರೆಂಟು ಕೊಡಲು ಗ್ರಾಮೀಣ ವಿದ್ಯುತ್ ಸಹಕಾರಿ ಸಂಘ ಹುಟ್ಟಿದ್ದು 1969ರಲ್ಲಿ. ದೇಶದ ಮೊದಮೊದಲ ಇಂಥ ಸಂಘಗಳಲ್ಲಿ ಅದೂ ಒಂದು. ಕರೆಂಟಿನ ಜೊತೆ ಪಂಪ್‌ಸೆಟ್ ಬಂದವು, ಪಂಪ್‌ಸೆಟ್ ಸುಟ್ಟಾಗ ತಾಮ್ರ ಸುತ್ತುವ ಅಂಗಡಿಗಳು ಬಂದವು. ಆ ಕೈಚಳಕ ಇದ್ದವರು ಸೆಲ್ಫಿನ ಆರ್ಮೇಚರನ್ನೂ ಸುತ್ತಿ ಕೊಡಬಲ್ಲರು. ದೊಡ್ಡ ಊರುಗಳ ಶೋರೂಮುಗಳಲ್ಲಿ ಸೆಲ್ಫನ್ನು ಬಿಚ್ಚಿ ನೋಡುವ ರೂಢಿಯೇ ಕಡಿಮೆ. ತೆಗೆದು ಎಸೆದು ಹೊಸ ಡಬ್ಬಿ ಹಾಕುತ್ತಾರೆ. ನಮ್ಮ ಪೇಟೆಯ ಆಟೋ ಇಲೆಕ್ಟ್ರಿಷಿಯನ್ನರಲ್ಲಿ ಉಳಿದಿರುವ ಈ ವಿದ್ಯೆಯನ್ನು ನಾವು ಕೆಲಸ ಕೊಟ್ಟು ಉಳಿಸಿಕೊಳ್ಳಬೇಕು. ಆರ್ಮೇಚರು, ಮೈ, ಮೂತಿ ಮೂರೂ ಹಾಳಾಗಿದ್ದರೆ ಮಾತ್ರ ಹೊಸದು ತನ್ನಿ. ತರುವಾಗ ಕಂಪನಿಯ ಮಾಲು ತನ್ನಿ. ಚೆನ್ನೈಯಲ್ಲಿ ಲ್ಯೂಕಾಸ್-ಟಿವಿಎಸ್ ಹುಟ್ಟಿದ 1961ರಿಂದ ಇಲ್ಲಿಯವರೆಗೆ ನಮ್ಮ ದೇಶದಲ್ಲೇ ಒಳ್ಳೆಯ ಸೆಲ್ಫುಗಳು ತಯಾರಾಗುತ್ತ ಬಂದಿವೆ, ಅಗ್ಗದ ನಕಲಿಗೆ ಕೈಹಾಕುವ ಕಾರಣವಿಲ್ಲ. ಹಳೆಯದನ್ನೂ ಹೊಸದನ್ನೂ ಅಕ್ಕಪಕ್ಕ ಇಟ್ಟು ಹಲ್ಲು ಎಣಿಸಿ, ಬೋಲ್ಟಿನ ತೂತು ತಾಳೆ ಹಾಕಿ, ತಿರುಗುವ ದಿಕ್ಕು ನೋಡಿ.

ಸೆಲ್ಫ್ ಹೊರಗಿರುವಾಗ ಆ ಕಿಂಡಿಯಿಂದ ಫ್ಲೈವ್ಹೀಲ್ ರಿಂಗನ್ನು ಟಾರ್ಚ್ ಹಾಕಿ ನೋಡುವುದನ್ನು ಮರೆಯಬೇಡಿ. ಒಂದು ಜಾಗ ನೋಡಿ ಬಿಟ್ಟರೆ ಸಾಲದು, ಎಂಜಿನ್ನನ್ನು ಕೈಯಿಂದ ತಿರುಗಿಸುತ್ತ ಪೂರ್ತಿ ಸುತ್ತು ನೋಡಬೇಕು. ನಾಲ್ಕು ಸಿಲಿಂಡರಿನ ಎಂಜಿನ್ ನಿಲ್ಲುವಾಗ ಸಾಮಾನ್ಯವಾಗಿ ಎದುರುಬದುರಿನ ಎರಡೇ ಜಾಗಗಳಲ್ಲಿ ನಿಲ್ಲುತ್ತದೆ. ಹಾಗಾಗಿ ಬೆಂಡಿಕ್ಸ್ ಪ್ರತಿ ಸಲ ಕಚ್ಚುವುದೂ ಆ ಎರಡು ಕಡೆಯ ಹಲ್ಲುಗಳನ್ನೇ. ಉಳಿದ ಹಲ್ಲು ಹೊಸದರಂತಿದ್ದು ಅಲ್ಲಿ ಮಾತ್ರ ಸವೆದಿರುತ್ತದೆ. ಸವೆದ ರಿಂಗಿಗೆ ಹೊಸ ಬೆಂಡಿಕ್ಸ್ ಹಾಕಿದರೆ ಹೊಸದರ ಹಲ್ಲನ್ನೂ ರಿಂಗು ತಿನ್ನುತ್ತದೆ.

ನೆರೆಯ ಮಾತನ್ನೂ ಹೇಳಲೇಬೇಕು. 2019ರ ಆಗಸ್ಟಿನಲ್ಲಿ ಘಟಪ್ರಭೆ ಮತ್ತು ಹಿರಣ್ಯಕೇಶಿ ಉಕ್ಕಿದಾಗ ಗೋಕಾಕದ ಪೇಟೆಗೆ, ಸಂಕೇಶ್ವರದ ಓಣಿಗಳಿಗೆ ನೀರು ನುಗ್ಗಿದ್ದನ್ನು ಯಾರೂ ಮರೆತಿಲ್ಲ. ಘಟಪ್ರಭೆಯ ಮೇಲಿನ ಲೋಳಸೂರ ಸೇತುವೆ ಮುಳುಗುವುದು ನಮಗೆ ಹೊಸ ಸುದ್ದಿಯೇನಲ್ಲ. ನೀರು ಇಳಿದ ಮೇಲೆ ಮನೆಯವರು ಮಾಡುವ ಮೊದಲ ಕೆಲಸ ಗಾಡಿಗೆ ಚಾವಿ ಹಾಕಿ ಸೆಲ್ಫ್ ಹೊಡೆಯುವುದು. ದಯವಿಟ್ಟು ಹಾಗೆ ಮಾಡಬೇಡಿ. ಸಿಲಿಂಡರಿನೊಳಗೆ ನೀರು ಹೊಕ್ಕಿದ್ದರೆ ಅದು ಗಾಳಿಯ ಹಾಗೆ ಒತ್ತಡಕ್ಕೆ ಕುಗ್ಗುವುದಿಲ್ಲ. ಪಿಸ್ಟನ್ ಮೇಲೆ ಬಂದು ನೀರಿಗೆ ಬಡಿದಾಗ ಕನೆಕ್ಟಿಂಗ್ ರಾಡ್ ಬಾಗುತ್ತದೆ, ಎಂಜಿನ್ನೇ ಹೋಗುತ್ತದೆ. ಮುಳುಗಿದ ಗಾಡಿಯಲ್ಲಿ ‘ಟಕ್’ ಎಂದು ನಿಂತರೆ ಸೆಲ್ಫ್ ಹೋಗಿದೆ ಎಂದು ಧಕ್ಕಾ ಹೊಡೆದು ಶುರು ಮಾಡಲು ಹೋಗುವುದು ಅದಕ್ಕಿಂತ ಕೆಟ್ಟದ್ದು. ಬ್ಯಾಟರಿಯ ಮೈನಸ್ ತೆಗೆಯಿರಿ, ಏರ್ ಫಿಲ್ಟರ್ ಒದ್ದೆಯಾಗಿದೆಯೇ ನೋಡಿ, ಮಿಸ್ತ್ರಿಯಿಂದ ಪ್ಲಗ್ಗು ಬಿಚ್ಚಿಸಿ ಎಂಜಿನ್ನನ್ನು ಪಾನಾ ಹಾಕಿ ಕೈಯಿಂದಲೇ ತಿರುಗಿಸಿ ನೀರು ಹೊರಹಾಕಿಸಿ. ಸೆಲ್ಫ್ ಎಂಜಿನ್ನಿನ ಕೆಳಭಾಗದಲ್ಲಿ ಕೂತಿರುವುದರಿಂದ ಮೊಣಕಾಲುದ್ದ ನೀರೂ ಅದನ್ನು ಮುಟ್ಟುತ್ತದೆ. ಅಂದು ಏನೂ ಆಗದಂತೆ ಕಂಡರೂ ನದಿಯ ಸಣ್ಣ ಮರಳು ಮತ್ತು ಹೂಳು ಬೆಂಡಿಕ್ಸಿನೊಳಗೆ ಕೂತು ದೀಪಾವಳಿಯ ಹೊತ್ತಿಗೆ ತುಕ್ಕು ಹಿಡಿಸಿರುತ್ತದೆ. ನೆರೆಯಲ್ಲಿ ನಿಂತ ಗಾಡಿಯ ಸೆಲ್ಫನ್ನು ಕೆಡುವ ಮೊದಲೇ ಬಿಚ್ಚಿ ತೊಳೆದು ಒಣಗಿಸಿ ಬುಶ್ಶಿಗೆ ಎಣ್ಣೆ ಕೊಟ್ಟರೆ ವರ್ಷಗಟ್ಟಲೆ ಬಾಳುತ್ತದೆ.

ಇನ್ನೊಂದನ್ನು ಟ್ರ್ಯಾಕ್ಟರಿನವರಿಗೆ ಕೈಮುಗಿದು ಹೇಳುತ್ತೇನೆ. ಚಾವಿಯ ಸ್ವಿಚ್ಚು ಕೆಟ್ಟಾಗ ಕೆಳಗೆ ನಿಂತು ಸ್ಕ್ರೂಡ್ರೈವರಿನಿಂದ ಸೆಲ್ಫಿನ ಎರಡು ಬೋಲ್ಟುಗಳನ್ನು ಕೂಡಿಸಿ ಶುರು ಮಾಡುವ ಚಾಳಿ ಹೊಲಗಳಲ್ಲಿ ಬಹಳ ಇದೆ. ಹಾಗೆ ಮಾಡಿದಾಗ ಕ್ಲಚ್ಚಿನ ಸುರಕ್ಷತೆಯ ಸ್ವಿಚ್ಚು ಲೆಕ್ಕಕ್ಕೇ ಬರುವುದಿಲ್ಲ. ಟ್ರ್ಯಾಕ್ಟರ್ ಗಿಯರಿನಲ್ಲಿದ್ದರೆ ಎಂಜಿನ್ ಹತ್ತಿದ ಕ್ಷಣವೇ ಮುಂದೆ ನುಗ್ಗುತ್ತದೆ, ನಿಂತವರು ದೊಡ್ಡ ಗಾಲಿಯ ಎದುರಿಗೇ ಇರುತ್ತಾರೆ. ಪ್ರಪಂಚದಾದ್ಯಂತ ರೈತರು ಹೀಗೆ ಪ್ರಾಣ ಕಳೆದುಕೊಂಡಿದ್ದಾರೆ. ಒಂದು ಸ್ವಿಚ್ಚು ಬದಲಿಸಲು ಅರ್ಧ ದಿನ ಹೋದರೆ ಹೋಗಲಿ, ಸೀಟಿನ ಮೇಲೆ ಕೂತು ಕ್ಲಚ್ ಒತ್ತಿಯೇ ಶುರು ಮಾಡಿ. ಮಕ್ಕಳೆದುರಿಗೆ ಈ ಸ್ಕ್ರೂಡ್ರೈವರಿನ ವಿದ್ಯೆ ತೋರಿಸಲೇಬೇಡಿ.

ಕೊನೆಗೆ, ತಿರುಗಿ ಜೋಡಿಸುವುದು. ಸೆಲ್ಫ್ ಕೂರುವ ಮುಖವನ್ನು ಎಂಜಿನ್ನಿನ ಕಡೆಯೂ ಮೋಟಾರಿನ ಕಡೆಯೂ ತಿಕ್ಕಿ ಸ್ವಚ್ಛ ಮಾಡಿ. ಹೆಚ್ಚಿನ ಸೆಲ್ಫುಗಳಿಗೆ ಬೇರೆ ಅರ್ಥ್ ವಾಯರು ಇರುವುದಿಲ್ಲ, ಕರೆಂಟು ಮರಳಿ ಹೋಗುವುದು ಆ ಮುಖದ ಮೂಲಕವೇ. ಅಲ್ಲಿ ಬಣ್ಣವೋ ತುಕ್ಕೋ ಇದ್ದರೆ ಹೊಸ ಮೋಟಾರೂ ಏದುಸಿರು ಬಿಡುತ್ತದೆ. ಕೂರಿಸುವ ಮೊದಲು ವೈಸಿನಲ್ಲಿ ಗಟ್ಟಿಯಾಗಿ ಹಿಡಿಸಿ ಬ್ಯಾಟರಿ ಕೊಟ್ಟು ಒಮ್ಮೆ ತಿರುಗಿಸಿ ನೋಡಿ. ಕೈಯಲ್ಲಿ ಹಿಡಿದರೆ ಅದು ಎಗರಿ ಬೀಳುತ್ತದೆ. ಸೆಲ್ಫನ್ನು ಹಿಡಿಯುವ ಬೋಲ್ಟುಗಳನ್ನು ಕೈಯಿಂದಲೇ ಪೂರ್ತಿ ಹತ್ತಿಸಿ ಆಮೇಲೆ ಪಾನಾ ಹಾಕಿ. ದಪ್ಪ ಕೇಬಲ್ಲಿನ ನಟ್ಟನ್ನು ಬಿಗಿಯುವಾಗ ಕಸುವು ತೋರಿಸಬೇಡಿ, ತಾಮ್ರದ ಬೋಲ್ಟ್ ತಿರುಚಿದರೆ ಸೊಲೆನಾಯ್ಡಿನ ಮುಚ್ಚಳ ಒಡೆಯುತ್ತದೆ. ಆ ನಟ್ಟಿನ ಮೇಲಿನ ರಬ್ಬರ್ ಟೋಪಿಯನ್ನು ಮರಳಿ ಹಾಕಿ. ಬ್ಯಾಟರಿಯ ಮೈನಸ್ ಎಲ್ಲಕ್ಕಿಂತ ಕೊನೆಗೆ. ಗಾಡಿ ನ್ಯೂಟ್ರಲ್‌ನಲ್ಲಿದೆ, ಹ್ಯಾಂಡ್‌ಬ್ರೇಕ್ ಎಳೆದಿದೆ ಎಂದು ನೋಡಿಕೊಂಡು ಚಾವಿ ತಿರುವಿ. ಎಂಜಿನ್ ಎದ್ದ ಕೂಡಲೇ ಚಾವಿ ಬಿಟ್ಟು, ಸೆಲ್ಫ್ ಹಲ್ಲು ಬಿಟ್ಟಿತೇ ಎಂದು ಕಿವಿಗೊಡಿ. ಸಣ್ಣದಾಗಿ ‘ಕಿರ್’ ಎಂಬ ಸಪ್ಪಳ ಉಳಿದಿದ್ದರೆ ತಕ್ಷಣ ಬಂದ್ ಮಾಡಿ ಮತ್ತೆ ಬಿಚ್ಚಬೇಕು. ಎಂಟು ದಿನ ಓಡಿಸಿದ ಮೇಲೆ ಬೋಲ್ಟುಗಳನ್ನೂ ಎರಡೂ ಕೇಬಲ್ಲುಗಳ ತುದಿಗಳನ್ನೂ ಇನ್ನೊಮ್ಮೆ ಪಾನಾ ಹಾಕಿ ನೋಡಿಸಿ.